ಸೋದರಮಾವನ ಬೆನ್ನು, ನೆಂಟರ ಮುಲಾಮು

ಮಾರಿಕುಪ್ಪಂನಿಂದ ಬಂಗಾರಪೇಟೆ ಕಡೆ ಹೋಗುವ ಬೆಳಗಿನ ರೈಲಿನಲ್ಲಿ ಮೊನ್ನೆ ನನ್ನೆದುರು ಕೂತಿದ್ದ ಹೆಂಗಸು ಸೊಂಟದ ಚೀಲದಿಂದ ಒಂದು ಪುಟ್ಟ ಬಾಟಲಿ ತೆಗೆದು, ಮುಚ್ಚಳ ತಿರುಗಿಸಿ, ಬೆರಳ ತುದಿಯಷ್ಟು ಮುಲಾಮನ್ನು ಮೊಣಕಾಲಿಗೆ ತಿಕ್ಕಿಕೊಂಡರು. ಅಷ್ಟೇ. ನಾನು ಎದ್ದು ಬಾಗಿಲ ಹತ್ತಿರ ಹೋಗಿ ನಿಂತುಬಿಟ್ಟೆ. ಪಾಪ, ನಾನು ವಾಸನೆ ತಡೆಯಲಾರದೆ ಎದ್ದೆನೆಂದು ಆಕೆ ತಿಳಿದಿರಬೇಕು, ಬಾಟಲಿಯನ್ನು ಗಡಿಬಿಡಿಯಲ್ಲಿ ಒಳಗಿಟ್ಟುಕೊಂಡರು. ಆದರೆ ನಾನು ಎದ್ದದ್ದು ನಗು ತಡೆಯಲಾರದೆ. ಗುರುತಿಲ್ಲದ ಹೆಂಗಸಿನ ಮೊಣಕಾಲು ನೋಡಿ ನಗುವ ಗಂಡಸನ್ನು ಯಾವ ಊರಿನ ರೈಲಿನಲ್ಲೂ ಸುಮ್ಮನೆ ಬಿಡುವುದಿಲ್ಲ.

ಕರ್ಪೂರ, ಪುದೀನ, ನೀಲಗಿರಿ ಮೂರೂ ಕಲೆತ ಆ ಘಮಲು ಮೂಗಿಗೆ ಬಡಿದರೆ ನನಗೆ ಒಂದು ಮದುವೆ ನೆನಪಾಗುತ್ತದೆ. ಬೇರೆಯವರಿಗೆ ಮದುವೆಯೆಂದರೆ ಮಲ್ಲಿಗೆ, ತುಪ್ಪ, ಹೊಸ ಸೀರೆಯ ವಾಸನೆ. ನನ್ನ ಪಾಲಿಗೆ ಬಂದದ್ದು ಇದು.

ನಮ್ಮ ಕೆಜಿಎಫ್‌ನಲ್ಲಿ ಒಬ್ಬ ಮನುಷ್ಯ ಯಾವ ಕಡೆಯವನೆಂದು ತಿಳಿಯಲು ಮಾತಾಡಿಸಿ ಪ್ರಯೋಜನವಿಲ್ಲ. ಕನ್ನಡದಲ್ಲಿ ಶುರುವಾದ ವಾಕ್ಯ ತಮಿಳಿಗೆ ಹೊರಳಿ ತೆಲುಗಿನಲ್ಲಿ ಮುಗಿಯುತ್ತದೆ. ಅದಕ್ಕಿಂತ ಹತ್ತಿರ ಹೋಗಿ ಮೂಸಿ ನೋಡುವುದು ವಾಸಿ. ಹಸಿರು ಎಣ್ಣೆಯ ವಾಸನೆ ಬಂದರೆ ಚಾಂಪಿಯನ್ ರೀಫ್ಸ್ ಕಡೆಯವರು. ಅವರಿಗೆ ಮಲೇಷಿಯಾದಲ್ಲಿ ಯಾರಾದರೂ ಒಬ್ಬ ನೆಂಟ ಇದ್ದೇ ಇರುತ್ತಾನೆ, ಅವನು ವರ್ಷಕ್ಕೊಮ್ಮೆ ಬೇರೇನೂ ತರದಿದ್ದರೂ ಆ ಎಣ್ಣೆ ತರುತ್ತಾನೆ. ಬೆಳ್ಳುಳ್ಳಿ, ಸಾಸಿವೆ ಎಣ್ಣೆ ವಾಸನೆಯಾದರೆ ಕ್ಯಾಸಂಬಳ್ಳಿ ಕಡೆಯ ಹಳ್ಳಿಯವರು. ಟ್ಯೂಬಿನಿಂದ ಹಿಂಡಿದ, ಅಂಥಾ ವಾಸನೆಯೇನೂ ಇಲ್ಲದ ಜೆಲ್ಲಾದರೆ ಫ್ಯಾಕ್ಟರಿ ಕ್ವಾರ್ಟರ್ಸಿನವರು. ನಾವು ಉರಿಗಾಂನಲ್ಲಿರುವವರು ಮಧ್ಯದವರು, ನಮ್ಮ ಮೈಯಲ್ಲಿ ಎಲ್ಲವೂ ಇರುತ್ತದೆ. ಇದು ನನ್ನ ಸ್ವಂತ ಶೋಧನೆ. ನಂಬಲೇಬೇಕೆಂದೇನಿಲ್ಲ.

ನಮ್ಮ ತಂದೆ ಹಾಸನದ ಕಡೆಯಿಂದ ಫ್ಯಾಕ್ಟರಿ ಕೆಲಸಕ್ಕೆ ಬಂದವರು, ಅಮ್ಮ ಕ್ಯಾಸಂಬಳ್ಳಿ ಕಡೆಯವಳು. ನಮ್ಮ ಮನೆಯಲ್ಲಿ ಮುಲಾಮಿನ ಬಾಟಲಿಗೆ ದೇವರ ಪಟದ ಹಿಂದೆ ಜಾಗ. ತಲೆನೋವಿಗೆ ಹಣೆಗೆ, ಶೀತಕ್ಕೆ ಎದೆಗೆ, ಹೊಟ್ಟೆನೋವಿಗೆ ಹೊಕ್ಕುಳ ಸುತ್ತ, ಗಣಿತದಲ್ಲಿ ನಪಾಸಾದರೆ ನೆತ್ತಿಗೆ. ಅಮ್ಮನಿಗೆ ಒಂದು ಅಭ್ಯಾಸವಿತ್ತು. ಹಣೆಗೆ ಮುಲಾಮು ತಿಕ್ಕುವಳು, ನಾನು ಉರಿಯೆಂದು ಅಳುವೆನು. "ಅಳ್ಬೇಡ ಕಣಪ್ಪಾ" ಎಂದು ಅದೇ ಬೆರಳಿನಿಂದ ನನ್ನ ಕಣ್ಣೀರು ಒರೆಸುವಳು. ಆಗ ಅಳು ಇಮ್ಮಡಿಯಾಗುವುದು. ಮಗುವಿಗೆ ನೋವು ಜಾಸ್ತಿಯಾಯಿತೆಂದು ಅವಳು ಇನ್ನಷ್ಟು ಮುಲಾಮು ತೆಗೆಯುವಳು. ನಮ್ಮ ಮನೆಯಲ್ಲಿ ತಲೆನೋವು ಯಾವಾಗಲೂ ಕಣ್ಣಿನಲ್ಲಿ ಮುಗಿಯುತ್ತಿತ್ತು. ಈ ಅಭ್ಯಾಸ ಅಮ್ಮನೊಬ್ಬಳದಲ್ಲ, ಅವಳ ಅಕ್ಕ, ಅಂದರೆ ನಮ್ಮ ದೊಡ್ಡಮ್ಮನಿಗೂ ಇತ್ತು. ಅಮ್ಮ ಈಗಿಲ್ಲ. ದೊಡ್ಡಮ್ಮ ಕ್ಯಾಸಂಬಳ್ಳಿಯಲ್ಲಿ ಗಟ್ಟಿಮುಟ್ಟಾಗಿದ್ದಾಳೆ, ಅಭ್ಯಾಸವೂ ಗಟ್ಟಿಮುಟ್ಟಾಗಿದೆ. ಇದನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ, ಮದುವೆಯ ಹೊತ್ತಿಗೆ ಬೇಕಾಗುತ್ತದೆ.

ಮದುವೆ ನನ್ನ ಅಕ್ಕನ ಮಗಳು ಚಂದನಳದು. ಭಾವನವರಿಗೆ ರಸ್ತೆ ಗುತ್ತಿಗೆದಾರರ ಹತ್ತಿರ ಕೆಲಸ, ಊರೂರು ತಿರುಗುವುದು. ಹಾಗಾಗಿ ಅಕ್ಕನೂ ಮಗುವೂ ನಮ್ಮ ಉರಿಗಾಂ ಮನೆಯಲ್ಲೇ ಇದ್ದರು. ಚಂದನ ಬೆಳೆದದ್ದು ನನ್ನ ಹೆಗಲ ಮೇಲೆ. ಇದನ್ನು ಪ್ರೀತಿಗೆ ಹೇಳುತ್ತಿಲ್ಲ, ಅವಳು ನಿಜವಾಗಿಯೂ ಕೆಳಗೆ ಇಳಿಯುತ್ತಿರಲಿಲ್ಲ. ಅಷ್ಟು ಚೆನ್ನಾಗಿ ಎರಡು ಕಾಲಿದ್ದೂ ನಡೆಯಲೊಲ್ಲದ ಮಗುವನ್ನು ನಾನು ಬೇರೆ ಕಂಡಿಲ್ಲ. ಶಾಲೆಗೆ ಹೆಗಲ ಮೇಲೆ, ಅಂಗಡಿಗೆ ಹೆಗಲ ಮೇಲೆ, ಗಣಿಯ ಮಣ್ಣು ಸುರಿದು ಗುಡ್ಡವಾದ ಸೈನೈಡ್ ದಿಣ್ಣೆ ನೋಡಬೇಕೆಂದರೆ ಅಲ್ಲಿಗೂ ಹೆಗಲ ಮೇಲೆ. ಏರು ಬಂದು ನಾನು ಏದುಸಿರು ಬಿಡತೊಡಗಿದರೆ ಮೇಲಿನಿಂದ ಬಗ್ಗಿ, ನನ್ನ ಎರಡು ಕಿವಿಯನ್ನೂ ಹಿಡಿದು, "ಮಾಮ, ಭಾರಾನಾ?" ಅನ್ನುತ್ತಿದ್ದಳು. "ಇಲ್ಲ ಕಣಮ್ಮ" ಅನ್ನುತ್ತಿದ್ದೆ. ಬೆವರು ಒರೆಸಿಕೊಳ್ಳಲು ಕೈ ಬಿಡುವಿರುತ್ತಿರಲಿಲ್ಲ.

ಇಂಥವಳಿಗೆ ಮದುವೆ ಗೊತ್ತಾಯಿತು. ಗಂಡು ಮಾಲೂರಿನವನು, ಛತ್ರ ಬಂಗಾರಪೇಟೆಯಲ್ಲಿ. ಅಮ್ಮನ ಕಡೆಯ ಮದುವೆಗಳಲ್ಲಿ ಹೆಣ್ಣು ಮಂಟಪಕ್ಕೆ ನಡೆದು ಬರುವ ಹಾಗಿಲ್ಲ. ಬಿದಿರಿನ ದೊಡ್ಡ ಬುಟ್ಟಿಯಲ್ಲಿ, ನಾವು ಗಂಪ ಅನ್ನುತ್ತೇವೆ, ಕೂರಿಸಿಕೊಂಡು ಸೋದರಮಾವ ಎತ್ತಿ ತರಬೇಕು. ಹಿಂದಿನಿಂದ ಇನ್ನೊಬ್ಬರು ಕೈ ಕೊಡಬಹುದು, ಆದರೆ ಮುಂದಿನ ಅಂಚು ಸೋದರಮಾವನದೇ. ಅದೂ ಹೆಣ್ಣಿನ ಮುಖ ನೋಡುತ್ತಾ, ಹಿಂದುಹಿಂದಕ್ಕೆ ಹೆಜ್ಜೆ ಹಾಕುತ್ತಾ ಬರಬೇಕು. ಯಾಕೆ ಹಿಂದುಹಿಂದಕ್ಕೆ ಎಂದು ದೊಡ್ಡಮ್ಮನನ್ನು ಕೇಳಿದರೆ, "ಎಣ್ಣು ಎದ್ದು ಓಡೋಗದಂಗೆ ನೋಡ್ಕೊಳ್ಳಾಕೆ" ಅನ್ನುತ್ತಾಳೆ. ಶಾಸ್ತ್ರದ ವಿಷಯದಲ್ಲಿ ಅವಳದೇ ಕೊನೆಯ ಮಾತು.

ಚಂದನ ಹೆಗಲಿನಿಂದ ಇಳಿದ ದಿನದಿಂದಲೂ ನಾನು ಆ ಬುಟ್ಟಿಗಾಗಿ ಕಾಯುತ್ತಿದ್ದೆ ಅಂದರೆ ನೀವು ನಗಬಹುದು. ನನಗೆ ಮಕ್ಕಳಿಲ್ಲ. ನನ್ನ ಜೀವನದಲ್ಲಿ ಬೇರೆ ಯಾವ ಬುಟ್ಟಿಯೂ ಬರುವ ಹಾಗಿರಲಿಲ್ಲ.

ಲಗ್ನಪತ್ರಿಕೆಯ ದಿನ ದೊಡ್ಡಮ್ಮನ ಮಗ ಬಾಬು ಹೋಳಿಗೆ ತಿನ್ನುತ್ತಾ ಎಲ್ಲರೆದುರು ಬಾಯಿ ಹಾಕಿದ. ಅವನೂ ವರಸೆಯಲ್ಲಿ ಸೋದರಮಾವನೇ, ನನಗಿಂತ ಬಹಳ ಚಿಕ್ಕವನು, ಬಂಗಾರಪೇಟೆಯಲ್ಲಿ ಜಿಮ್ಮಿಗೆ ಹೋಗುತ್ತಾನೆ. "ಅಣ್ಣಾ, ನಿಂಗೆ ವಯಸ್ಸಾಯ್ತು. ಮುಂದ್ಕಡೆ ನಾನ್ ಇಡ್ಕೊಂತೀನಿ, ನೀನು ಇಂದ್ಕಡೆ ಕೈ ಮುಟ್ಟಿದ್ರೆ ಸಾಕು" ಅಂದ.

"ಫ್ಯಾಕ್ಟರೀಲಿ ಇಂಜಿನ್ನೇ ಎತ್ತಿದೋನು ಕಣ್ಲಾ ನಾನು" ಅಂದೆ. ಕ್ರೇನಿನಲ್ಲಿ ಎತ್ತಿದ್ದೆಂದು ಹೇಳುವ ಸಂದರ್ಭ ಅದಾಗಿರಲಿಲ್ಲ.

"ಇವ್ನು ಜಿಮ್ಮಲ್ಲಿ ಕಬ್ಬಿಣ ಎತ್ತಿ ಎತ್ತಿ ಮಡಗ್ತಾನೆ, ಮನೇಲಿ ರಾಗಿ ಮೂಟೆ ಎತ್ತು ಅಂದ್ರೆ ಸೊಂಟ ನೋವು ಅಂತಾನೆ" ಎಂದು ದೊಡ್ಡಮ್ಮ ಮಗನ ಮಾನ ಕಳೆದಳು. ಎಲ್ಲರೂ ನಕ್ಕರು. ನನ್ನ ತಲೆಯಲ್ಲಿ ಮಾತ್ರ ರಾಗಿ ಮೂಟೆ ಕೂತುಬಿಟ್ಟಿತು.

ತಾಲೀಮು ಮಾಡಬೇಕು ಅನ್ನಿಸಿತು. ಅದಕ್ಕೆ ಚಂದನಳ ತೂಕ ಬೇಕಾಗಿತ್ತು. ಕೇಳಿದೆ. ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುವ ಹುಡುಗಿ, "ಮಾಮ, ಮಾಲೂರಿನವ್ರೇ ಕೇಳಿಲ್ಲ, ನೀನ್ಯಾಕೆ ಕೇಳ್ತೀಯಾ?" ಅಂದಳು. ಸರಿ, ಅಂದಾಜಿನ ಮೇಲೆ ಹೋದೆ. ಭಾನುವಾರ ಬೆಳಿಗ್ಗೆ ಹಿತ್ತಲಿನಲ್ಲಿ ಬುಟ್ಟಿ ಇಟ್ಟು, ರಾಗಿ ಚೀಲ ಕೂರಿಸಿ, ಅದಕ್ಕೊಂದು ಹಳೆಯ ಸೀರೆ ಹೊದಿಸಿ, ಬಗ್ಗಿ ಎರಡೂ ಕೈಯಲ್ಲಿ ಅಂಚು ಹಿಡಿದು ಎತ್ತಿದೆ. ಬುಟ್ಟಿ ಎದ್ದಿತು. ನಾನು ಏಳಲಿಲ್ಲ. ಸೊಂಟದ ಮೇಲೆ ಎಡಗಡೆ ಯಾರೋ ತುಕ್ಕು ಹಿಡಿದ ಬೀಗಕ್ಕೆ ಕೀಲಿ ತಿರುಗಿಸಿದಂತೆ ಆಯಿತು. ಬುಟ್ಟಿ ಬಿದ್ದು ರಾಗಿಯೆಲ್ಲ ಚೆಲ್ಲಿತು. ನಾನು ಬಗ್ಗಿದ್ದವನು ಬಗ್ಗಿದಂತೆಯೇ ಉಳಿದೆ.

ನನ್ನ ಹೆಂಡತಿ ಲತಾ ಅಡಿಗೆಮನೆಯ ಕಿಟಕಿಯಿಂದ ನೋಡಿ, "ರಾಗಿ ಆಮೇಲೆ ಆರಿಸ್ಕೊಳಿ, ಕಾಫಿ ಆರ್ತದೆ" ಅಂದಳು. ಅವಳಿಗೆ ನಾನು ನೋವಿನಲ್ಲಿದ್ದೇನೆಂದು ತಿಳಿಯುವ ಹೊತ್ತಿಗೆ ಕಾಫಿ ಆರಿತ್ತು.

ಬಾಬುವೇ ಬಂದು ಸ್ಕೂಟರಿನಲ್ಲಿ ಬಂಗಾರಪೇಟೆಗೆ ಕರೆದುಕೊಂಡು ಹೋದ. ದಾರಿಯುದ್ದಕ್ಕೂ ಸಿಳ್ಳೆ ಹಾಕುತ್ತಿದ್ದ. ಸ್ಟೇಷನ್ ರಸ್ತೆಯ ಮೆಡಿಕಲ್ ಶಾಪಿನಲ್ಲಿ ಕೂರುವ ಮೇಡಂ ನನ್ನ ಆಕಾರ ನೋಡಿ ಮೊದಲು ಪ್ರಶ್ನೆ ಕೇಳಿದರು. ಕಾಲು ಜೋಮು ಹಿಡಿಯುತ್ತಿದೆಯೇ, ಕಾಲಲ್ಲಿ ಶಕ್ತಿ ಇದೆಯೇ, ಒಂದಕ್ಕೆ, ಎರಡಕ್ಕೆ ಹೋಗಲು ಏನಾದರೂ ತೊಂದರೆ ಆಗಿದೆಯೇ. ಆಗಿದ್ದರೆ ಇಲ್ಲಿ ನಿಲ್ಲಬೇಡಿ, ನೇರ ಆಸ್ಪತ್ರೆಗೆ ಹೋಗಿ ಅಂದರು. ಇಲ್ಲವೆಂದೆ. ರಕ್ತ ತೆಳುವಾಗೋ ಮಾತ್ರೆ ತಗೋತೀರಾ? ಅಸ್ತಮಾ, ಅಲ್ಸರ್, ಕಿಡ್ನಿ ತೊಂದರೆ? ಇಲ್ಲ, ಇಲ್ಲ, ಇಲ್ಲ. ಬೆನ್ನಿಗೆ ಹಚ್ಚುವುದಕ್ಕೆ ಕಿಡ್ನಿಯ ಜಾತಕ ಯಾಕೆಂದು ನನಗೆ ಆಶ್ಚರ್ಯ.

"ಅಚ್ಚಿದ್ದು ಚರ್ಮದ ಮೇಲೇ ಇರಲ್ಲ ಸರ್, ಒಳಗೂ ಹೋಗ್ತದೆ" ಅಂದರು ಮೇಡಂ.

"ಇರೋದ್ರಲ್ಲೇ ಚೆನ್ನಾಗಿ ಉರಿಯೋದು ಕೊಡಿ" ಅಂದೆ.

"ಉರಿ ಜಾಸ್ತಿ ಇದ್ರೆ ಗುಣ ಜಾಸ್ತಿ ಅಂತ ಏನೂ ಇಲ್ಲ. ಉರಿಯೋದು ಚರ್ಮ, ನೋವಿರೋದು ಒಳಗೆ. ಇದೊಂದು ಜೆಲ್ ತಗೊಳಿ. ಮೊದ್ಲು ಮುಂಗೈಗೆ ಒಂಚೂರು ಅಚ್ಚಿ ನೋಡಿ, ಕೆಂಪಗಾದ್ರೆ, ತುರಿಸಿದ್ರೆ ಬೇಡ. ಸರಿಯಿದ್ರೆ ತೆಳ್ಳಗೆ ಸವರಿ. ಗಾಯದ ಮೇಲೆ ಬೇಡ. ಅಚ್ಚಿದ ಮೇಲೆ ಬಟ್ಟೆ ಬಿಗಿದು ಕಟ್ಟಬೇಡಿ, ಶಾಖ ಅಂತೂ ಕೊಡಲೇಬೇಡಿ. ಅಚ್ಚಿದೋರು ಸೋಪಾಕಿ ಕೈ ತೊಳೀಬೇಕು. ವಾರದಲ್ಲಿ ಕಡ್ಮೆ ಆಗ್ಲಿಲ್ಲಾಂದ್ರೆ ಡಾಕ್ಟ್ರ ಹತ್ರ ಹೋಗಿ. ಮುಖ್ಯ ಏನಂದ್ರೆ, ಒಂದು ಸಲಕ್ಕೆ ಒಂದೇ." ಚೀಲಕ್ಕೆ ಹಾಕಿ ಕೊಡುವಾಗ ಮತ್ತೊಮ್ಮೆ "ಒಂದೇ" ಅಂದರು. ನಾನು ತಲೆಯಾಡಿಸಿದೆ. ಸೊಂಟ ಹಿಡಿದವನ ಮೈಯಲ್ಲಿ ಆಗ ಆಡುತ್ತಿದ್ದದ್ದು ತಲೆಯೊಂದೇ.

ಮೇಡಂ ಹೇಳಿದ್ದರಲ್ಲಿ ತಪ್ಪೇನೂ ಇರಲಿಲ್ಲ. ಆದರೆ ಅವರಿಗೆ ನನ್ನ ನೆಂಟರು ಗೊತ್ತಿರಲಿಲ್ಲ. ಬೇರೆ ಊರುಗಳಲ್ಲಿ ಕಾಯಿಲೆ ಬಿದ್ದವರನ್ನು ನೋಡಲು ಬರುವವರು ಹಣ್ಣು ತರುತ್ತಾರೆ, ಬಿಸ್ಕತ್ತು ತರುತ್ತಾರೆ. ನಮ್ಮವರು ಮುಲಾಮು ತರುತ್ತಾರೆ. ತಂದು ಕೊಟ್ಟು ಹೋಗುವುದಿಲ್ಲ. ಅವರ ಕಣ್ಣೆದುರೇ ಹಚ್ಚಬೇಕು, ಹಚ್ಚಿದ ಮೇಲೆ "ಹೇಗಿದೆ?" ಎಂದು ಕೇಳುತ್ತಾರೆ, "ಪರವಾಗಿಲ್ಲ" ಅಂದರೆ ಮುಖ ಸಣ್ಣದಾಗುತ್ತದೆ. ಒಬ್ಬರದು ಹಚ್ಚಿ ಇನ್ನೊಬ್ಬರದು ಬಿಟ್ಟರೆ ಅದು ಮದುವೆ ಮನೆಯಲ್ಲಿ ಕುಂಕುಮ ಕೊಡದೆ ಕಳಿಸಿದಷ್ಟೇ ದೊಡ್ಡ ಅಪರಾಧ.

ಮೊದಲು ಅಕ್ಕ ಹಳದಿ ಮುಲಾಮು ತಂದಳು, ಅಮ್ಮ ಹಚ್ಚುತ್ತಿದ್ದದ್ದೇ. ಬೇಡ ಅನ್ನಲಾಗುತ್ತದೆಯೇ? ಆಮೇಲೆ ಚಾಂಪಿಯನ್ ರೀಫ್ಸಿನಿಂದ ಅರುಳ್ ತಾತ ಬಂದರು. ಅಪ್ಪನ ಗೆಳೆಯರು, ಗಣಿಯಲ್ಲಿ ಪಾತಾಳಕ್ಕಿಳಿದು ದುಡಿದ ಮನುಷ್ಯ, ಈಗ ಏಣಿಯ ಎರಡನೆಯ ಮೆಟ್ಟಿಲು ಹತ್ತಿದರೆ ತಲೆ ಸುತ್ತುತ್ತದೆ ಅನ್ನುತ್ತಾರೆ. ಅಂಗಿಯ ಒಳಜೇಬಿನಿಂದ ಕರವಸ್ತ್ರದಲ್ಲಿ ಸುತ್ತಿದ ಹಸಿರು ಎಣ್ಣೆ ತೆಗೆದರು. "ಒರಿಜಿನಲ್ ಪಾ, ಮಲೇಷಿಯಾದು. ರೆಂಡೇ ರೆಂಡು ತೊಟ್ಟು. ಜಾಸ್ತಿ ಕೇಳ್ಬೇಡ, ನಾನು ಹೋಗೋವರೆಗೂ ಈ ಬಾಟ್ಲಿ ಬರಬೇಕು" ಅಂದರು. ಅವರು ಹೋಗುವುದೆಂದರೆ ಮನೆಗಲ್ಲ. ಅಂಥಾ ಬಾಟಲಿಯಿಂದ ಎರಡು ತೊಟ್ಟು ಕೊಡುವವರಿಗೆ ಮೆಡಿಕಲ್ ಶಾಪಿನ ಮಾತು ಹೇಳಲು ನನಗೆ ನಾಲಿಗೆ ಏಳಲಿಲ್ಲ. ಬಾಬು ತನ್ನ ಜಿಮ್ಮಿನ ಸ್ಪ್ರೇ ತಂದು, ಕೇಳದೆಯೇ "ಪುಸ್" ಅನ್ನಿಸಿದ. ಕೊನೆಗೆ ದೊಡ್ಡಮ್ಮ ಕ್ಯಾಸಂಬಳ್ಳಿ ಬಸ್ಸಿಳಿದು, ಹಳೆಯ ಕೆಮ್ಮಿನ ಔಷಧದ ಬಾಟಲಿಯಲ್ಲಿ ತನ್ನ ತೈಲದೊಂದಿಗೆ ಬಂದಳು. ಸಾಸಿವೆ ಎಣ್ಣೆ, ಬೆಳ್ಳುಳ್ಳಿ, ಕರ್ಪೂರ, ಇನ್ನೊಂದು ಏನೋ. ಆ ಏನೋ ಏನೆಂದು ಅವಳು ಸಾಯುವಾಗ ಹೇಳುತ್ತಾಳಂತೆ.

ಜಗಳವಾಗಬಾರದೆಂದು ಲತಾ ಒಂದು ಉಪಾಯ ಮಾಡಿದಳು. ನನ್ನ ಬೆನ್ನನ್ನು ಹಂಚಿಬಿಟ್ಟಳು. ಮೇಲೆ ಎಡಕ್ಕೆ ಅಕ್ಕನಿಗೆ, ಮೇಲೆ ಬಲಕ್ಕೆ ಅರುಳ್ ತಾತನಿಗೆ, ಸೊಂಟದ ಪಟ್ಟಿ ದೊಡ್ಡಮ್ಮನಿಗೆ, ಪಕ್ಕೆಗಳು ಬಾಬುವಿಗೆ. ಬೆನ್ನುಮೂಳೆ ಸರ್ಕಾರಿ ಜಾಗ, ಅಲ್ಲಿ ಮೆಡಿಕಲ್ ಶಾಪಿನ ಜೆಲ್. ನೋವಿದ್ದದ್ದು ಸೊಂಟದ ಎಡಗಡೆ ಒಂದು ಅಂಗೈಯಗಲ. ಮಿಕ್ಕ ಬೆನ್ನು ಸುಮ್ಮನೆ ನೆಂಟಸ್ತಿಕೆಗೆ ಉರಿಯಿತು. ಬೋರಲು ಮಲಗಿದ್ದ ನನಗೆ ಮೇಲೆ ನಡೆಯುವ ವ್ಯವಹಾರ ಕಾಣುತ್ತಿರಲಿಲ್ಲ, ಕೇಳಿಸುತ್ತಿತ್ತು.

"ಇಲ್ಯಾಕೆ ಅಸ್ರು ಎಣ್ಣೆ ವಾಸ್ನೆ ಬತ್ತದೆ? ಇದು ನನ್ ಜಾಗ ಅಲ್ವಾ?" ಇದು ದೊಡ್ಡಮ್ಮ.

"ಎಣ್ಣೆ ಕೆಳಗೇ ತಾನೇ ಇಳೀತದೆ ಅಮ್ಮಾ, ಗಣಿ ನೀರು ಮಾದಿರಿ. ನಾನೇನು ಮಾಡ್ಲಿ?" ಇದು ಅರುಳ್ ತಾತ.

"ಇಳೀದಂಗೆ ಬದು ಆಕ್ಬೇಕು."

ದೊಡ್ಡಮ್ಮ ಬದು ಹಾಕಿಯೇಬಿಟ್ಟಳು. ಅಡಿಗೆಮನೆಗೆ ಹೋಗಿ, ಹಿತ್ತಲಿನಲ್ಲಿ ಚೆಲ್ಲಿದ್ದ ಅದೇ ರಾಗಿಯನ್ನು ಬಾಣಲೆಯಲ್ಲಿ ಚೆನ್ನಾಗಿ ಹುರಿದು, ಬಟ್ಟೆಯಲ್ಲಿ ಗಂಟು ಕಟ್ಟಿ ತಂದು, ಎಲ್ಲ ಮುಲಾಮುಗಳ ಮೇಲೂ ಒತ್ತತೊಡಗಿದಳು. ನನ್ನ ಸೊಂಟ ಮುರಿದ ರಾಗಿಯೇ ಈಗ ವೈದ್ಯಕ್ಕೂ ಬಂತು. ಶಾಖ ಬೇಡ ಎಂದು ಹೇಳಲು ಬಾಯಿ ತೆರೆದೆ, ದಿಂಬು ಬಾಯಿಗೆ ಬಂತು. "ಗುಣ ಆಚೆ ಓಗ್ಬಾರ್ದು" ಎಂದು ಅವಳು ಅದರ ಮೇಲೆ ರಸಗೊಬ್ಬರದ ಚೀಲದ ಒಳಗಿನ ಪ್ಲಾಸ್ಟಿಕ್ ಹಾಳೆ ಹೊದಿಸಿ, ಟವಲಿನಿಂದ ಬಿಗಿದು ಕಟ್ಟಿದಳು.

ಸ್ವಲ್ಪ ಹೊತ್ತು ಏನೂ ಆಗಲಿಲ್ಲ. ಆಮೇಲೆ ಆಯಿತು. ಅದನ್ನು ಉರಿ ಅನ್ನಬಹುದೋ ಇಲ್ಲವೋ ತಿಳಿಯದು, ಯಾಕೆಂದರೆ ಬಾಬುವಿನ ಸ್ಪ್ರೇ ಇದ್ದ ಕಡೆ ಐಸ್ ಇಟ್ಟಂತೆಯೂ ಇತ್ತು. ಕೂಗಿಕೊಂಡು ಮಂಚದಿಂದ ಹಾರಿ, ಬಾಗಿಲು ದಾಟಿ, ಹಿತ್ತಲಿನಲ್ಲಿ ಎರಡು ಸುತ್ತು ಓಡಿ, ನೀರಿನ ತೊಟ್ಟಿಯೊಳಗೆ ಕೂತುಬಿಟ್ಟೆ. ಹಿಂದೆಯೇ ಎಲ್ಲರೂ ಓಡಿಬಂದರು. ಅವರ ಮುಖದಲ್ಲಿ ಗಾಬರಿಯಿರಲಿಲ್ಲ, ಹಬ್ಬದ ಕಳೆ ಇತ್ತು.

"ನೋಡ್ದಾ, ಎದ್ದು ಓಡ್ದ. ನೆಟ್ಟಗೆ ಓಡ್ದ. ನನ್ ತೈಲ" ಅಂದಳು ದೊಡ್ಡಮ್ಮ.

"ರೆಂಡೇ ತೊಟ್ಟು ಪಾ" ಎಂದು ಅರುಳ್ ತಾತ ವಿನಯದಿಂದ ಬಾಟಲಿಯನ್ನು ಕರವಸ್ತ್ರದಲ್ಲಿ ಸುತ್ತಿದರು.

ಮಾರನೆಯ ದಿನ ಬೆನ್ನಿನ ತುಂಬ ಬೊಬ್ಬೆ. ಡಾಕ್ಟರು ಏನೇನು ಹಚ್ಚಿದಿರಿ ಎಂದು ಬರೆದುಕೊಳ್ಳಲು ಪೆನ್ನು ತೆಗೆದರು. ನಾನು ಹೇಳುತ್ತಾ ಹೋದೆ. ರಾಗಿಯ ಹೊತ್ತಿಗೆ ಅವರು ಪೆನ್ನು ಕೆಳಗಿಟ್ಟರು. ಸುಟ್ಟ ಗಾಯಕ್ಕೆ ಔಷಧಿ ಕೊಟ್ಟು, ಅದು ಮಾಯುವವರೆಗೆ ಬೇರೆ ಏನನ್ನೂ ಹಚ್ಚಕೂಡದು, ಒಳಗಿನ ಸ್ನಾಯು ಸರಿಹೋಗುವವರೆಗೆ ಭಾರ ಎತ್ತಕೂಡದು ಅಂದರು. "ಮದುವೆ ಹತ್ರ ಬಂತು ಡಾಕ್ಟ್ರೇ" ಅಂದೆ. "ನಿಮ್ದಾ?" ಅಂದರು. ನನ್ನ ವಯಸ್ಸಿನ ಬಗ್ಗೆ ಅಷ್ಟು ಗೌರವದಿಂದ ಯಾರೂ ಮಾತಾಡಿರಲಿಲ್ಲ.

ನಗುವ ಮಾತು ಇಲ್ಲಿಗೆ ನಿಂತಿತು. ಅವತ್ತು ಸಂಜೆ ಅಕ್ಕ ನನ್ನ ಪಕ್ಕದಲ್ಲಿ ಕೂತು, ಮುಖ ನೋಡದೆ, "ಬುಟ್ಟಿ ಬಾಬು ಇಡ್ಕೊಳ್ಳಿ ಬಿಡೋ. ನೀನು ಪಕ್ಕದಲ್ಲಿ ನಿಂತ್ಕೋ. ಯಾರೇನು ಅಂದ್ಕೊಳಲ್ಲ" ಅಂದಳು. ಸರಿ ಅಂದೆ. ಸರಿ ಅನ್ನದೆ ದಾರಿಯಿರಲಿಲ್ಲ. ಬೆನ್ನು ನೋಯುತ್ತಿದ್ದದ್ದು ನಿಜ, ಆದರೆ ಗೋಡೆ ಕಡೆ ತಿರುಗಿ ಅತ್ತದ್ದು ಬೆನ್ನಿಗಾಗಿ ಅಲ್ಲ. ಹೊತ್ತು ಬೆಳೆಸಿದ ಮಗುವನ್ನು ಆ ಒಂದು ದಿನ ಬೇರೆಯವನು ಹೊರುತ್ತಾನೆಂಬುದು ನನಗೆ ನುಂಗಲಾಗಲಿಲ್ಲ.

ಚಂದನ ಶಾಲೆಯಿಂದ ಬಂದವಳು ವಿಷಯ ಕೇಳಿ ಬ್ಯಾಗನ್ನು ಮೂಲೆಗೆ ಎಸೆದಳು. "ಮಾಮ ಎತ್ತಿದ್ರೆ ಬುಟ್ಟೀಲಿ ಬತ್ತೀನಿ. ಇಲ್ಲಾಂದ್ರೆ ಮಂಟಪಕ್ಕೆ ನಡ್ಕೊಂಡೇ ಬತ್ತೀನಿ."

"ಶಾಸ್ತ್ರ ಕಣೇ" ಅಂದಳು ಅಕ್ಕ.

"ನಡ್ಕೊಂಡೇ ಬತ್ತೀನಿ" ಅಂದಳು ಚಂದನ.

ದೊಡ್ಡಮ್ಮ ಬಾಯಲ್ಲಿದ್ದ ಎಲೆ ಅಡಿಕೆ ಮೆಲ್ಲಿ ಮುಗಿಸಿದಳು. ಆಮೇಲೆ, "ನಡ್ಕೊಂಡೇ ಬರ್ಲಿ. ಬುಟ್ಟೀ ಒಳ್ಗೇ ನಡ್ಕೊಂಡ್ ಬರ್ಲಿ" ಅಂದಳು.

ಯಾರಿಗೂ ಅರ್ಥವಾಗಲಿಲ್ಲ. ಅವಳು ಎದ್ದು ಹಿತ್ತಲಿಗೆ ಹೋಗಿ, ಕುಡುಗೋಲಿನಿಂದ ಬುಟ್ಟಿಯ ತಳವನ್ನು ಸುತ್ತಲೂ ಕೊಯ್ದು ಬಿಸಾಕಿ, ಉಳಿದದ್ದನ್ನು ಚಂದನಳ ತಲೆಯ ಮೇಲಿಂದ ಇಳಿಸಿ ಸೊಂಟದ ಹತ್ತಿರ ನಿಲ್ಲಿಸಿದಳು. ಅಂಚಿನಿಂದ ನೆಲದವರೆಗೂ ರೇಷ್ಮೆ ಪಂಚೆಯ ಝಾಲರಿ ಇಳಿಬಿಟ್ಟರೆ ಕಾಲು ಕಾಣುವುದಿಲ್ಲ. ಕೂತ ಹೆಣ್ಣಿಗೆ ಮಡಚಿದ ಮಂಡಿ ಕಾಣಬೇಕಲ್ಲ ಎಂದು ಎರಡು ದಿಂಬುಗಳಿಗೆ ಧಾರೆ ಸೀರೆಯದೇ ಬಣ್ಣದ ಬಟ್ಟೆ ಹೊಲಿದು ಬುಟ್ಟಿಯ ಮುಂದಿನ ಅಂಚಿಗೆ ಕಟ್ಟಿದಳು. ದೂರದಿಂದ ನೋಡಿದರೆ ಚಂದನ ದಿಟವಾಗಿಯೂ ಕೂತಿದ್ದಳು. ಹತ್ತಿರದಿಂದ ನೋಡಿದರೆ ಅವಳಿಗೆ ನಾಲ್ಕು ಮಂಡಿಗಳಿದ್ದವು.

ಬಾಬು ಒಬ್ಬನಿಗೇ ಬೇಸರ. "ಜಿಮ್ಮಿಗೆ ಓಗಿದ್ದೆಲ್ಲಾ ಈ ಖಾಲಿ ಬುಟ್ಟೀನ ಇಂದ್ಗಡೆ ಇಡ್ಕೊಳ್ಳಾಕಾ?"

"ಭಾರ ಇದ್ದಂಗೆ ಮುಖ ಮಾಡ್ಲಾ. ಅದ್ಕೆ ಜಿಮ್ಮು ಬೇಕು" ಅಂದಳು ಅವನ ತಾಯಿ.

ಮದುವೆಯ ದಿನ ಬಂತು. ನನ್ನ ಬೊಬ್ಬೆಗಳು ಮಾಯ್ದಿದ್ದವು, ನೆಟ್ಟಗೆ ನಿಲ್ಲುತ್ತಿದ್ದೆ, ನಿಧಾನಕ್ಕೆ ನಡೆಯುತ್ತಿದ್ದೆ, ಮೈಮೇಲೆ ಒಂದು ತೊಟ್ಟು ಎಣ್ಣೆಯೂ ಇರಲಿಲ್ಲ. ಆದರೂ ಛತ್ರದ ತುಂಬ ನೀಲಗಿರಿ ಘಮಘಮಿಸುತ್ತಿತ್ತು. ಬೆಳಗಿನ ಚಳಿಗೆ ದೊಡ್ಡಮ್ಮನ ಮಂಡಿ ಹಿಡಿದು, ಅವಳು ತನ್ನ ತೈಲವನ್ನೂ ಅದರ ಮೇಲೆ ಅಕ್ಕನ ಮುಲಾಮನ್ನೂ ಧಾರಾಳವಾಗಿ ತಿಕ್ಕಿಕೊಂಡಿದ್ದಳು. ಕೈ ತೊಳೆಯಿರಿ ಎಂದ ಮೇಡಂ ಸ್ಟೇಷನ್ ರಸ್ತೆಯಲ್ಲಿದ್ದರು.

ಹೆಣ್ಣನ್ನು ಬುಟ್ಟಿಗೆ ಇಳಿಸುವ ಹೊತ್ತಿಗೆ ಅಕ್ಕ ಅಳತೊಡಗಿದಳು. ತಾಯಿ ಅಳುವುದು ಸಹಜ. "ಅಳ್ಬೇಡ ಕಣವ್ವಾ" ಎಂದು ದೊಡ್ಡಮ್ಮ ಅವಳ ಕಣ್ಣೊರೆಸಿದಳು. ಅಕ್ಕನ ಅಳು ಗೋಳಾಟವಾಯಿತು. ಅದನ್ನು ನೋಡಲಾರದೆ ಗಂಡಿನ ತಾಯಿ ಬಂದು ತಬ್ಬಿಕೊಂಡರು, ದೊಡ್ಡಮ್ಮ ಅವರ ಕಣ್ಣನ್ನೂ ಒರೆಸಿದಳು. ಆಮೇಲೆ ಅದೇ ಬೆರಳುಗಳಿಂದ ಮುಂದಿನ ಸಾಲಿನ ಹೆಂಗಸರನ್ನೆಲ್ಲಾ ಸಮಾಧಾನ ಮಾಡುತ್ತಾ ಬಂದಳು. ನೋಡನೋಡುತ್ತಿದ್ದಂತೆ ಮುಂದಿನ ಸಾಲು ಪೂರ್ತಿ ಬಿಕ್ಕುತ್ತಿತ್ತು. ಮಾಲೂರಿನವರ ಕಡೆಯ ಹಿರಿಯರೊಬ್ಬರು, "ಎಂಥಾ ಪ್ರೀತಿ ಈ ಜನದ್ದು, ಬೀಗಿತ್ತೀರೂ ಅಳ್ತಾವ್ರೆ" ಎಂದು ಹೇಳಿ ತಮ್ಮ ಕಣ್ಣನ್ನೂ ಒರೆಸಿಕೊಂಡರು. ಅವರದು ನಿಜವಾದ ಕಣ್ಣೀರಿರಬೇಕು.

ಹೀಗೆ, ಬುಟ್ಟಿಯನ್ನು ಹತ್ತಿರದಿಂದ ನೋಡಬಲ್ಲವರು ಯಾರಿದ್ದರೋ ಅವರೆಲ್ಲರ ಕಣ್ಣೂ ಮುಚ್ಚಿದ್ದಾಗ ನಾವು ಹೊರಟೆವು. ವಾಲಗ ಏರಿತು. ನಾನು ಮುಂದಿನ ಅಂಚು ಹಿಡಿದು, ಚಂದನಳ ಮುಖ ನೋಡುತ್ತಾ, ಹಿಂದುಹಿಂದಕ್ಕೆ. ಅವಳು ತಲೆ ತಗ್ಗಿಸಿಕೊಂಡು, ಬುಟ್ಟಿಯ ಅಂಚನ್ನು ಒಳಗಿನಿಂದ ಹಿಡಿದು, ಪುಟ್ಟ ಪುಟ್ಟ ಹೆಜ್ಜೆ. ಬಾಬು ಹಿಂದಿನಿಂದ ಕತ್ತಿನ ನರ ಉಬ್ಬಿಸಿ "ಹಾ, ಹೂ" ಎಂದು ನರಳುತ್ತಿದ್ದ. ಗಂಡಿನ ಕಡೆಯ ಹುಡುಗರು ಹೆಣ್ಣನ್ನು ಅನುಮಾನದಿಂದ ನೋಡತೊಡಗಿದರು. ಚಂದನ ತಲೆ ಎತ್ತದೆಯೇ, "ಬಾಬು ಮಾಮ, ಇನ್ನೊಂದ್ಸಲ ನರಳಿದ್ರೆ ಇಳಿದು ಬಂದು ಒದೀತೀನಿ" ಅಂದಳು. ಇಳಿಯುವುದಕ್ಕೇನಿತ್ತು, ಅವಳು ನೆಲದ ಮೇಲೆಯೇ ಇದ್ದಳು.

ನಾವು ಎಲ್ಲವನ್ನೂ ಯೋಚಿಸಿದ್ದೆವು, ಮಂಟಪಕ್ಕೆ ಮೆಟ್ಟಿಲಿದೆಯೆಂಬುದೊಂದನ್ನು ಬಿಟ್ಟು. ಹಿಮ್ಮಡಿಗೆ ಮೆಟ್ಟಿಲು ತಾಗಿತು. ಬಲಗಾಲನ್ನು ಹಿಂದಕ್ಕೆ ಎತ್ತಿ ಮೇಲಿಟ್ಟೆ. ಎಡಗಾಲು ಎತ್ತುವಾಗ ಸೊಂಟದಲ್ಲಿ ಆ ಹಳೆಯ ಬೀಗ ಮತ್ತೆ ತಿರುಗಿತು. ಕಣ್ಣು ಕತ್ತಲೆ ಬಂತು. ಅಲ್ಲಾಡಲಾಗಲಿಲ್ಲ. ವಾಲಗದವರು ಊದುತ್ತಲೇ ಇದ್ದರು, ಪುರೋಹಿತರು ಬೇಗ ಬೇಗ ಎಂದು ಕೈ ಮಾಡುತ್ತಿದ್ದರು, ನಾನು ಒಂದು ಕಾಲು ಮೇಲೆ ಒಂದು ಕಾಲು ಕೆಳಗೆ ಇಟ್ಟು ಬುಟ್ಟಿಯ ಅಂಚನ್ನು ಹಿಡಿದು ನಿಂತಿದ್ದೆ. ಈಗ ಬೀಳುತ್ತೇನೆ, ಅವಳನ್ನೂ ಬೀಳಿಸುತ್ತೇನೆ, ತುಂಬಿದ ಛತ್ರದಲ್ಲಿ ನನ್ನ ಮಗುವಿನ ಮಾನ ಕಳೆಯುತ್ತೇನೆ ಅನ್ನಿಸಿತು.

ಆಗ ಚಂದನ ತಲೆ ಎತ್ತಿದಳು. ಕಣ್ಣಿಗೆ ಕಣ್ಣು ಕೊಟ್ಟು, ಮೆಲ್ಲಗೆ, "ಮಾಮ, ಬುಟ್ಟಿ ಮೇಲೆ ಭಾರ ಬಿಡು. ನಾನ್ ಹಿಡ್ಕೊಂಡಿದೀನಿ" ಅಂದಳು.

ಬಿಟ್ಟೆ. ನನ್ನ ಪೂರ್ತಿ ಭಾರವನ್ನು ಆ ಬಿದಿರಿನ ಅಂಚಿನ ಮೇಲೆ ಬಿಟ್ಟೆ. ಬುಟ್ಟಿ ಒಂದಿಷ್ಟೂ ಕೆಳಗಿಳಿಯಲಿಲ್ಲ. ಧಾರೆ ಸೀರೆ, ಒಡವೆ, ಬಾಸಿಂಗ, ದಿಂಬಿನ ಮಂಡಿ ಎಲ್ಲದರ ಒಳಗಿನಿಂದ ಆ ಹುಡುಗಿ ನನ್ನನ್ನು ಎತ್ತಿ ಹಿಡಿದು, ತಾನೊಂದು ಹೆಜ್ಜೆ ಮುಂದಿಟ್ಟು, ನನ್ನನ್ನು ಮೆಟ್ಟಿಲ ಮೇಲಕ್ಕೆ ಏರಿಸಿದಳು. ಆಮೇಲೆ ಇನ್ನೊಂದು ಮೆಟ್ಟಿಲು. ಜನ ಅಕ್ಷತೆ ಎರಚಿದರು. ಈ ವಯಸ್ಸಿನಲ್ಲಿ ಏನು ಕಸುವಪ್ಪಾ ಸೋದರಮಾವನಿಗೆ ಎಂದು ಯಾರೋ ಅಂದದ್ದು ಕೇಳಿಸಿತು. ಅವಳ ಹಣೆಯ ಮೇಲೆ ಬಾಸಿಂಗದ ಕೆಳಗೆ ಬೆವರು ಹನಿಯುತ್ತಿತ್ತು. ಒರೆಸಿಕೊಳ್ಳಲು ಅವಳಿಗೆ ಕೈ ಬಿಡುವಿರಲಿಲ್ಲ.

"ಭಾರಾನಾ ಅಮ್ಮ?" ಎಂದೆ.

"ಇಲ್ಲ ಮಾಮ" ಅಂದಳು. ಏದುಸಿರು ಬಿಡುತ್ತಿದ್ದಳು. ಇನ್ನೊಂದು ಹೆಜ್ಜೆ ಇಟ್ಟು, ನನ್ನ ಮುಖ ನೋಡಿ ನಕ್ಕು, "ನೀನೂ ಆವಾಗೆಲ್ಲಾ ಹಿಂಗೇ ಸುಳ್ಳು ಹೇಳ್ತಿದ್ದೆ ಅಲ್ವಾ?" ಅಂದಳು.